ತೆರಿಗೆಗೂ ತಾಳಕ್ಕೂ ಏನು ನಂಟು?

ನಮಸ್ಕಾರ. ನಮ್ಮ ಸಂಗೀತ ವಿಶೇಷಾಂಕ ಓದಿ ನೀವು ಬರೆದ ಪತ್ರದಲ್ಲಿ ಪ್ರೀತಿಯೂ ಇದೆ, ಸಿಟ್ಟೂ ಇದೆ. ‘ಹಾಡು ಹುಟ್ಟುವುದು ಹಾಡುವವರ ಎದೆಯಲ್ಲಿ. ನಡುವೆ ತೆರಿಗೆ, ಕಾನೂನು, ಸರ್ಕಾರ ಅಂತ ಯಾಕೆ ತುರುಕಿದಿರಿ?’ ಎಂದು ಕೇಳಿದ್ದೀರಿ. ಹುಟ್ಟುವುದು ಎದೆಯಲ್ಲೇ, ಒಪ್ಪಿದೆ. ಆದರೆ ಹುಟ್ಟಿದ್ದೆಲ್ಲ ನಮ್ಮ ಕಿವಿಯವರೆಗೆ ಬರುವುದಿಲ್ಲವಲ್ಲ!

1944ರ ಅಮೆರಿಕವನ್ನೇ ನೋಡಿ. ಯುದ್ಧದ ಖರ್ಚಿಗೆ ದುಡ್ಡು ಬೇಕಿತ್ತು. ರಾತ್ರಿ ಕ್ಲಬ್ಬುಗಳ ಬಿಲ್ಲಿನ ಮೇಲೆ ಸರ್ಕಾರ ಶೇ 30 ತೆರಿಗೆ ಹಾಕಿತು. ಕೆಲವೇ ತಿಂಗಳಲ್ಲಿ ಅದನ್ನು ಶೇ 20ಕ್ಕೆ ಇಳಿಸಿದರು. ಅದೂ ಜಾಸ್ತಿಯೇ. ಆದರೆ ಕಾನೂನಿನಲ್ಲಿ ಒಂದು ಸಂದು ಇತ್ತು. ಯಾರಾದರೂ ಹಾಡಿದರೆ ತೆರಿಗೆ, ಗಿರಾಕಿಗಳು ಕುಣಿದರೆ ತೆರಿಗೆ. ಸುಮ್ನೆ ಕೂತು ವಾದ್ಯ ಕೇಳಿದರೆ ಇಲ್ಲ. ಮಾಲೀಕರು ಬಿಡುತ್ತಾರೆಯೇ? ಕುಣಿಯುವ ಜಾಗದಲ್ಲಿ ಮೇಜು ಕುರ್ಚಿ ಬಂದವು. ‘ಇಲ್ಲಿ ಕುಣಿಯುವಂತಿಲ್ಲ’ ಎಂಬ ಬೋರ್ಡು ಬಂತು. ದೊಡ್ಡ ಬ್ಯಾಂಡಿನ ಬದಲು ನಾಲ್ಕೈದು ಜನರ ತಂಡ ಸಾಕಾಯಿತು. ಕೂತು ಕೇಳುವವರ ಮುಂದೆ ನಿಂತದ್ದು ಬಿಬಾಪ್. ಓಟದ, ತೊಡಕಿನ, ಕಾಲಿಗಿಂತ ಕಿವಿಗೆ ಕೆಲಸ ಕೊಡುವ ಜಾಝ್. ಅದು ಬೆಳೆದದ್ದಕ್ಕೆ ಡ್ರಮ್ ವಾದಕ ಮ್ಯಾಕ್ಸ್ ರೋಚ್ ಈ ತೆರಿಗೆಯ ಕಡೆಗೇ ಬೆರಳು ತೋರಿಸಿದ್ದುಂಟು.

ಹಾಗಂತ ಬಿಬಾಪ್ ತೆರಿಗೆಯ ಕೂಸು ಎಂದರೆ ನಾನು ಒಪ್ಪುವುದಿಲ್ಲ. ನ್ಯೂಯಾರ್ಕಿನ ಮಿಂಟನ್ಸ್ ಕ್ಲಬ್ಬಿನಲ್ಲಿ ಥೆಲೋನಿಯಸ್ ಮಂಕ್, ಡಿಝಿ ಗಿಲೆಸ್ಪಿ ಮೊದಲಾದ ಜಾಝ್ ವಾದಕರು 1941ರ ಹೊತ್ತಿಗೇ ಇದನ್ನು ಹದ ಮಾಡುತ್ತಿದ್ದರು. ಅದು ಅವರ ಎದೆಯದೇ. ತೆರಿಗೆ ಕುರ್ಚಿ ಹಾಕಿಕೊಟ್ಟಿತು, ಅಷ್ಟೇ. ನಿಮ್ಮ ಮಾತೂ ಉಳಿಯಿತು, ನಮ್ಮದೂ ಉಳಿಯಿತು, ಅಲ್ವಾ?

ಕೆರಿಬಿಯನ್ ದ್ವೀಪ ಟ್ರಿನಿಡಾಡಿನ ಕಥೆ ಇನ್ನೂ ಕಹಿ. 1880ರ ದಶಕದಲ್ಲಿ ಬ್ರಿಟಿಷ್ ಆಡಳಿತ ಅಲ್ಲಿನ ಆಫ್ರಿಕನ್ ಮೂಲದವರ ಡೋಲಿನ ಬಾಯಿ ಕಟ್ಟಿತು. ಜನ ಬಿದಿರಿನ ಬೊಂಬುಗಳನ್ನು ನೆಲಕ್ಕೆ ಕುಟ್ಟಿ ತಾಳ ಹಾಕಿದರು. ಆಮೇಲೆ ಬಿಸ್ಕತ್ತಿನ ಡಬ್ಬ ಬಡಿದರು. ಕಡೆಗೆ ಸಿಕ್ಕಿದ್ದು ತೈಲದ ಖಾಲಿ ಪೀಪಾಯಿ. ಅದರ ತಳವನ್ನು ತಟ್ಟಿ ತಟ್ಟಿ ಸ್ವರ ಹೊರಡಿಸಿದರು. ಅದೇ ಇವತ್ತಿನ ಸ್ಟೀಲ್‌ಪ್ಯಾನ್. ಡೋಲು ಕಿತ್ತುಕೊಂಡದ್ದು ಕಾನೂನು, ಪೀಪಾಯಿ ಕೊಟ್ಟದ್ದು ತೈಲದ ವ್ಯಾಪಾರ. ‘ಹಾಗಾದರೆ ನಿಷೇಧದಿಂದ ಒಳ್ಳೆಯದೇ ಆಯಿತು’ ಎನ್ನುವವರೂ ಇದ್ದಾರೆ. ನನಗೆ ಮೈ ಉರಿಯುತ್ತದೆ. ಡೋಲಿನ ಜೊತೆ ಅಳಿದುಹೋದ ಪೆಟ್ಟುಗಳ ಲೆಕ್ಕ ಇಟ್ಟವರು ಯಾರು?

ಸರ್ಕಾರ ಕೈಹಾಕಿದರೆ ಕೆಡುಕೇ ಅಂತಲೂ ಅಲ್ಲ. 1996ರಿಂದ ಫ್ರಾನ್ಸಿನ ರೇಡಿಯೊಗಳು ಶೇ 40ರಷ್ಟು ಫ್ರೆಂಚ್ ಹಾಡು ಹಾಕಲೇಬೇಕಾಯಿತು. ಅದರ ಲಾಭ ಹೆಚ್ಚಾಗಿ ಸಿಕ್ಕಿದ್ದು ಯಾರಿಗೆ ಗೊತ್ತೇ? ರ‍್ಯಾಪ್ ಹಾಡುವ ಹುಡುಗರಿಗೆ.

ಇನ್ನು ನಿಮ್ಮ ಪತ್ರದ ಕೊನೆಯ ಗೊಣಗಾಟ: ‘ಈಗಿನ ಹಾಡುಗಳಿಗೆ ಪೀಠಿಕೆಯೇ ಇಲ್ಲ, ಶುರುವಿಗೇ ಪಲ್ಲವಿ.’ ನಿಜ. ಹಾಡು ಕೇಳಿಸುವ ಆ್ಯಪ್ ಸ್ಪಾಟಿಫೈಯಲ್ಲಿ ಒಂದು ಹಾಡನ್ನು 30 ಸೆಕೆಂಡು ಕೇಳಿದರೆ ಮಾತ್ರ ಅದು ಲೆಕ್ಕಕ್ಕೆ ಬರುತ್ತದೆ. ಅದಕ್ಕೂ ಮೊದಲೇ ನಿಮ್ಮ ಬೆರಳು ಮುಂದಿನ ಹಾಡಿಗೆ ಜಾರಿದರೆ ಹಾಡಿದವರಿಗೆ ಬಿಡಿಗಾಸಿಲ್ಲ. ಅಂಥವರು ಪೀಠಿಕೆ ಹಾಕುತ್ತಾ ಕೂರುತ್ತಾರೆಯೇ, ನೀವೇ ಹೇಳಿ.

— ಸಂಪಾದಕ