ಆ ರೊಕ್ಕಕ್ಕ ಬಣ್ಣ ಹತ್ತಿಲ್ಲೇನು?

"ಇಕಿಗೆ ನಾಟಕ ಬಿಡಾಕ ಹೇಳ್ರಿ."

ಬಾಗಲಕೋಟೆಯಲ್ಲಿ ಆಪ್ತಸಲಹೆಗೆ ಕೂತ ಮೇಲೆ ಈ ಮಾತನ್ನು ಐದಾರು ಮನೆಯವರ ಬಾಯಲ್ಲಿ ಕೇಳಿದ್ದೇನೆ. ನಾಟಕದ ನಟಿಯರನ್ನು ಕರೆತರುವವರು ಒಮ್ಮೆ ಅಣ್ಣ, ಒಮ್ಮೆ ಗಂಡ, ಒಮ್ಮೆ ದೊಡ್ಡ ಮಗ. ಮಾತು ಒಂದೇ. ಅದಕ್ಕೇ ಈ ಪ್ರಕರಣ ಬರೆಯುತ್ತಿದ್ದೇನೆ. ಗುರುತು ಸಿಗದಂತೆ ಹೆಸರು, ವಿವರ ಬದಲಿಸಿದ್ದೇನೆ.

ಶಾಂತಾ ಎನ್ನೋಣ. ಚಿಕ್ಕ ವಯಸ್ಸಿಗೇ ನಾಟಕ ಕಂಪನಿ ಸೇರಿದವರು. ಬನಶಂಕರಿ ಜಾತ್ರೆಯಲ್ಲಿ ಟೆಂಟಿನೊಳಗೆ ಬೆಳಗಿನ ತನಕ ಆಟದ ಮೇಲೆ ಆಟ. ಜಾತ್ರೆ ಮುಗಿದರೆ ಹಳ್ಳಿ ನಾಟಕಗಳು. ಊರಿನ ಹುಡುಗರು ಗಂಡು ಪಾತ್ರ ಕಲಿಯುತ್ತಾರೆ, ಹೆಣ್ಣು ಪಾತ್ರಕ್ಕೆ ಇವರಂಥವರನ್ನು ಸಂಚಕಾರ, ಅಂದರೆ ಮುಂಗಡ ಹಣ, ಕೊಟ್ಟು ಕರೆಸುತ್ತಾರೆ. ಒಳ್ಳೆ ದನಿ, ಚುರುಕು ಮಾತು. ಹಾಗಾಗಿ ರಸಮಂಜರಿ ನಿರೂಪಣೆಗೂ ಕರೆ ಬರುತ್ತಿತ್ತು. ಗಂಡ ಇಲ್ಲ. ಮಗಳು ಹಾಸ್ಟೆಲ್ಲಿನಲ್ಲಿ. ನಾಲ್ಕು ತಿಂಗಳಿಂದ ನಿದ್ದೆ ಇಲ್ಲ, ಪರದೆ ಏಳುವ ಮುಂಚೆ ಕೈ ನಡುಗುತ್ತಿತ್ತು.

ಮೂರನೇ ಭೇಟಿಗೆ ಅಣ್ಣನೂ ಒಳಗೆ ಬಂದು ಕೂತರು. ಶಾಂತಾ ಹಿಂದಿನ ರಾತ್ರಿ ನಾಟಕ ಮುಗಿಸಿ ನೇರ ಬಸ್ ಹತ್ತಿ ಬಂದಿದ್ದರು. ಕೊಬ್ಬರಿ ಎಣ್ಣೆ ಹಚ್ಚಿ ಮುಖ ಒರೆಸಿಕೊಂಡಿದ್ದರೂ ಕಿವಿಯ ಹಿಂದೆ ಒಂದು ಗೆರೆ ಗುಲಾಬಿ ಬಣ್ಣ ಉಳಿದಿತ್ತು. ಅಣ್ಣ ಅದನ್ನೇ ತೋರಿಸಿದರು. "ನೋಡ್ರಿ ಅಕ್ಕಾರ, ಬಣ್ಣ ಸೈತ ಹೋಗಿಲ್ಲ. ಓಣ್ಯಾಗ ತಲಿ ಎತ್ತಿ ಅಡ್ಡಾಡಂಗಿಲ್ಲ."

ಶಾಂತಾ ಸೆರಗಿನಿಂದ ಕಿವಿ ಒರೆಸಿಕೊಂಡರು. ಸ್ವಲ್ಪ ಹೊತ್ತು ಸುಮ್ಮನಿದ್ದು ಕೇಳಿದರು: "ಅಣ್ಣಾ, ನಾ ಮನಿಗೆ ಕಳಿಸಿದ ರೊಕ್ಕಕ್ಕ ಬಣ್ಣ ಹತ್ತಿಲ್ಲೇನು?"

ಅಣ್ಣ ಮಾತಾಡಲಿಲ್ಲ. ಮನೆಗೆ ಸ್ಲ್ಯಾಬ್ ಹಾಕಿಸಿದ್ದು ಅದೇ ರೊಕ್ಕದಿಂದ ಅಂತ ಆಮೇಲೆ ಗೊತ್ತಾಯಿತು.

ಆವತ್ತು ಅಣ್ಣನನ್ನು ಹೊರಗೆ ಕೂರಿಸಿ ಶಾಂತಾ ಜೊತೆ ತುಂಬಾ ಹೊತ್ತು ಮಾತಾಡಿದೆ. ನಾಟಕ ಬೇಡವಾಗಿದೆಯಾ ಅಂತ ನೇರವಾಗಿ ಕೇಳಿದೆ. "ಇಲ್ರಿ. ಹಾಡು ಬ್ಯಾಡಾಗಿಲ್ಲ, ಪಾತ್ರ ಬ್ಯಾಡಾಗಿಲ್ಲ" ಅಂದರು. ಬೇಡವಾಗಿದ್ದು ಎರಡೇ. ಒಂದು, ಹಾಸ್ಯ ಪಾತ್ರದವನು ಬರೆದದ್ದು ಬಿಟ್ಟು ಹೇಳುವ ಡಬಲ್ ಮೀನಿಂಗ್ ಮಾತಿಗೆ ಉತ್ತರ ಕೊಡಬೇಕಾಗಿದ್ದು. ಇನ್ನೊಂದು, ಕುಡಿದವರು ರಂಗದ ಮೇಲೆ ಹತ್ತಿ ಸೀರೆಗೆ ನೋಟು ಚುಚ್ಚುವುದು. ಪಿನ್ನಿನ ಗಾಯ ತೋರಿಸಿದರು. ಹೆಗಲ ಹತ್ತಿರ, ಸಾಸಿವೆಯಷ್ಟು.

ನಾಟಕ ಬಿಡಿ ಎಂದು ನಾನು ಹೇಳಲಿಲ್ಲ. ಜೊತೆಗೆ ಕೆಲಸ ಮಾಡುವವರು ಇದಕ್ಕೆ ನನ್ನನ್ನು ತರಾಟೆಗೆ ತೆಗೆದುಕೊಂಡರು. ರಾತ್ರಿ ಪ್ರಯಾಣ, ಕುಡುಕರ ಕಾಟ, ಇಷ್ಟೆಲ್ಲ ಗೊತ್ತಿದ್ದೂ ಹಾಗೇ ಕಳಿಸಿದಿರಲ್ಲ ಅಂತ. ಅವರ ಮಾತಿನಲ್ಲಿ ಸುಳ್ಳಿಲ್ಲ. ಆದರೆ ವರ್ಷಗಳ ಹಿಂದೆ ಇನ್ನೊಬ್ಬರಿಗೆ ಬಿಡಿ ಎಂದು ನಾನೇ ಹೇಳಿದ್ದೆ. ಅವರು ಬಿಟ್ಟರು. ಸಂಪಾದನೆ ನಿಂತಿತು, ಓಣಿಯವರ ಮಾತು ನಿಲ್ಲಲಿಲ್ಲ. ಅವರು ಹಾಡುವುದನ್ನೂ ನಿಲ್ಲಿಸಿಬಿಟ್ಟರು. ಅದು ನನ್ನನ್ನು ಇಂದಿಗೂ ಕಾಡುತ್ತದೆ. ತಪ್ಪು ನಡೆಯುವುದು ರಂಗದ ಮೇಲಾದರೆ ಅಲ್ಲೇ ಸರಿ ಮಾಡಬೇಕು, ಅಲ್ವಾ? ಅವಮಾನ ಮಾಡಿದವನು ಆರಾಮಾಗಿ ಕೂತಿರುವಾಗ ಕೆಲಸ ಬಿಡಬೇಕಾದವಳು ಇವಳೇ ಏಕೆ?

ಹೇಳಿದ್ದು ಇಷ್ಟು. ಸಂಚಕಾರ ಹಿಡಿಯುವ ಮುಂಚೆಯೇ ಮಾತಾಡಿಕೊಳ್ಳಿ. ಬರೆದ ಮಾತಿಗೆ ಮಾತ್ರ ಉತ್ತರ. ನೋಟು ಕೊಡುವವರು ಪೇಟಿ (ಹಾರ್ಮೋನಿಯಂ) ಮಾಸ್ತರರ ಮುಂದಿನ ತಟ್ಟೆಗೆ ಹಾಕಲಿ, ಮೈ ಮುಟ್ಟುವಂತಿಲ್ಲ. ಜೊತೆಗೆ ಇನ್ನೊಬ್ಬ ನಟಿ ಇರಬೇಕು, ವಾಪಸ್ ಗಾಡಿ ಮೊದಲೇ ಗೊತ್ತಾಗಬೇಕು. ಮೂರು ಸಲ ಕೂತು ಈ ಮಾತುಗಳನ್ನು ಜೋರಾಗಿ ಹೇಳಿ ರೂಢಿ ಮಾಡಿದೆವು. ಪಾತ್ರದ ಮಾತು ಗಡಗಡ ಹೇಳುವ ಹೆಂಗಸಿಗೆ ತನ್ನ ಮಾತು ಹೇಳುವಾಗ ಗಂಟಲು ಕಟ್ಟುತ್ತಿತ್ತು.

ಅಣ್ಣನಿಗೆ ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿಯ ಹೆಸರು ಹೇಳಿದೆ. ಇದೇ ಜಿಲ್ಲೆಯ ಹೆಣ್ಣುಮಗಳು, ನಾಟಕದಿಂದ ಮುಂಬೈ ಸಿನಿಮಾದವರೆಗೆ ಹೋಗಿ ಹಾಡಿದವರು, 1965ರಲ್ಲಿ ತೀರಿಕೊಂಡರು. ಇಂದು ನಮ್ಮವರು ಅಂತ ಎಲ್ಲರೂ ಹೇಳಿಕೊಳ್ಳುತ್ತೇವೆ. ಅಣ್ಣ ಕೇಳಿಸಿಕೊಂಡರು, ಒಪ್ಪಲಿಲ್ಲ.

ಒಂದು ವಿಷಯಕ್ಕೆ ಮಾತ್ರ ನಾನು ಹಟ ಹಿಡಿದೆ. ಮಗಳಿಗೆ ಅವ್ವ ಹೊಲಿಗೆ ಕೆಲಸ ಮಾಡುತ್ತಾಳೆ ಅಂತ ಶಾಂತಾ ಹೇಳಿದ್ದರು. ಆ ಸುಳ್ಳು ಉಳಿಸಿಕೊಳ್ಳಲು ನಾಟಕದ ಕರಪತ್ರಗಳನ್ನೆಲ್ಲ ಒಲೆಗೆ ಹಾಕುತ್ತಿದ್ದರು. ಕನ್ನಡ ಮತ್ತು ಸಂಸ್ಕೃತಿ ಇಲಾಖೆಯ ಮಾಸಾಶನಕ್ಕೆ 58 ತುಂಬಿದ ಮೇಲೆ ಅರ್ಜಿ ಹಾಕುವಾಗ ಕಲಾವಿದೆ ಅನ್ನೋದಕ್ಕೆ ದಾಖಲೆ ತೋರಿಸಬೇಕು. ಅದನ್ನೇ ಸುಡುತ್ತಿದ್ದೀರಲ್ಲ ಅಂದೆ. ಮಗಳಿಗೆ ನೀವೇ ಹೇಳಿ, ಓಣಿಯವರು ಹೇಳುವುದಕ್ಕಿಂತ ಮುಂಚೆ.

ಶಾಂತಾ ಜಾತ್ರೆ ಕ್ಯಾಂಪ್ ಮುಗಿಸಿ ಬಂದಾಗ ಕೈಯಲ್ಲಿ ಪ್ಲಾಸ್ಟಿಕ್ ಫೈಲ್ ಇತ್ತು. ನಿದ್ದೆ ಈಗಲೂ ಪೂರ್ತಿ ಬರುತ್ತಿಲ್ಲ. ಒಂದು ಊರಿನವರು ತಟ್ಟೆ ಇಡಲು ಒಪ್ಪದ್ದಕ್ಕೆ ಸಂಚಕಾರ ತಿರುಗಿ ಕೊಟ್ಟಿದ್ದರು. ಫೈಲಿನಲ್ಲಿ ಏಳು ಕರಪತ್ರ. ಒಂದರಲ್ಲಿ ಇವರ ಹೆಸರು ತಪ್ಪಾಗಿ ಅಚ್ಚಾಗಿತ್ತು. ಮಗಳು ನೀಲಿ ಪೆನ್ನಿನಿಂದ ದೀರ್ಘ ಎಳೆದು ತಿದ್ದಿದ್ದಳು.