ಸಾಕ್ಷ್ಯಚಿತ್ರದ ನಟನಿಗೆ ಸಲ್ಲಬೇಕಾದದ್ದು

ಕಥಾಚಿತ್ರಗಳಲ್ಲಿ ಅವಕಾಶ ಸಿಗದ ನಟರು ಇತಿಹಾಸ, ವಿಜ್ಞಾನದ ಸಾಕ್ಷ್ಯಚಿತ್ರಗಳಲ್ಲಿ ಆಯುಷ್ಯ ಕಳೆಯುತ್ತಾರೆ ಎಂದು ನಮ್ಮ ಪತ್ರಿಕೆಗೆ ಬರೆದ ಪತ್ರದಲ್ಲಿ ತಾವು ಹೇಳಿದ್ದೀರಿ. ಬರೆದುಕೊಟ್ಟದ್ದನ್ನು ಓದಲು, ಕಿರೀಟ ಧರಿಸಿ ನಿಲ್ಲಲು ಪ್ರತಿಭೆ ಏಕೆ ಬೇಕು, ಇಂಥ ವೇಷಗಳಿಂದ ಸತ್ಯವೇ ಮಸುಕಾಗುವುದಿಲ್ಲವೇ ಎಂದು ತಾವು ಕೇಳಿದ್ದೀರಿ. ಕೊನೆಯ ಮಾತನ್ನು ಒಪ್ಪುತ್ತೇನೆ. ಐತಿಹಾಸಿಕ ವ್ಯಕ್ತಿಯ ಬಾಯಲ್ಲಿ ಆಧಾರವಿಲ್ಲದ ಮಾತನ್ನು ಆಡಿಸಿದಾಗ ನೋಡುಗರು ದಾರಿ ತಪ್ಪುತ್ತಾರೆ. ಉಳಿದದ್ದನ್ನು ಮಾತ್ರ, ಇಷ್ಟು ಶ್ರದ್ಧೆಯಿಂದ ಪತ್ರ ಬರೆಯುವ ತಾವು ಇಷ್ಟು ಅವಸರದಲ್ಲಿ ಹೇಳಬಾರದಿತ್ತು.

1973ರಲ್ಲಿ ಬ್ರಿಟನ್ನಿನಲ್ಲಿ ಪ್ರಸಾರವಾದ ಎರಡನೇ ಮಹಾಯುದ್ಧ ಕುರಿತ 26 ಕಂತುಗಳ ‘ದಿ ವರ್ಲ್ಡ್ ಅಟ್ ವಾರ್’ ಸರಣಿಯ ನಿರೂಪಕರು ಪ್ರಸಿದ್ಧ ಬ್ರಿಟಿಷ್ ನಟ ಲಾರೆನ್ಸ್ ಒಲಿವಿಯರ್. ಅವರಿಗೆ ಅವಕಾಶದ ಕೊರತೆ ಇತ್ತೆಂದು ಯಾರೂ ಹೇಳಲಾರರು. 1944ರ ಜೂನ್‌ನಲ್ಲಿ ಜರ್ಮನ್ ಸೈನಿಕರು ಆರುನೂರಕ್ಕೂ ಹೆಚ್ಚು ಜನರನ್ನು ಕೊಂದು ಸುಟ್ಟುಹಾಕಿದ ಫ್ರಾನ್ಸಿನ ಒರಾದೂರ್ ಎಂಬ ಊರಿನ ಅವಶೇಷಗಳಿಂದ ಆ ಸರಣಿ ಆರಂಭವಾಗುತ್ತದೆ. ಷೇಕ್ಸ್‌ಪಿಯರನ ನಾಟಕಗಳಲ್ಲಿ ರಂಗಮಂದಿರವನ್ನೇ ತುಂಬುತ್ತಿದ್ದ ಕಂಠ ಅಲ್ಲಿ ಏರುವುದಿಲ್ಲ, ಶೋಕವನ್ನು ಅಭಿನಯಿಸುವುದೂ ಇಲ್ಲ. ನಡೆದದ್ದನ್ನು ನಿಧಾನವಾಗಿ ಹೇಳಿ, ಪಾಳುಗೋಡೆಗಳನ್ನು ನಮ್ಮ ಕಣ್ಣಿಗೆ ಬಿಟ್ಟು ಸರಿದು ನಿಲ್ಲುತ್ತದೆ. ತನ್ನ ಶಕ್ತಿಯನ್ನು ಹೀಗೆ ತಡೆದು ಹಿಡಿಯುವುದು ಬರಿಯ ಓದುಗಾರನಿಂದ ಆಗುವ ಕೆಲಸವೇ?

ಬ್ರಿಟಿಷ್ ನಟ ಕೆನೆತ್ ಬ್ರಾನಾ ಅವರನ್ನೂ ಗಮನಿಸಿ. 1998ರಲ್ಲಿ 24 ಕಂತುಗಳ ‘ಕೋಲ್ಡ್ ವಾರ್’, ಮರುವರ್ಷವೇ ‘ವಾಕಿಂಗ್ ವಿತ್ ಡೈನೋಸಾರ್ಸ್’ ಸರಣಿಗಳಿಗೆ ಅವರು ನಿರೂಪಕರಾದರು. ಎರಡನೆಯದರಲ್ಲಿ ಯಾವ ಮನುಷ್ಯನೂ ಕಂಡಿರದ ಪ್ರಾಣಿಗಳನ್ನು ಕಂಪ್ಯೂಟರಿನಿಂದ ರೂಪಿಸಲಾಗಿತ್ತು; ಅವು ಈಗ ಕಣ್ಣೆದುರೇ ಮೇಯುತ್ತಿವೆಯೆಂಬಷ್ಟು ಸಹಜವಾಗಿ ಮಾತನಾಡಬೇಕಿತ್ತು. ಸ್ವಲ್ಪ ಬೆರಗು ಹೆಚ್ಚಾಗಿದ್ದರೂ ಅದು ಮಕ್ಕಳ ಕಥೆಯಾಗುತ್ತಿತ್ತು.

ನಮ್ಮಲ್ಲಿಯೇ 1988ರಲ್ಲಿ ದೂರದರ್ಶನದಲ್ಲಿ ಬಂದ, ಶ್ಯಾಮ್ ಬೆನಗಲ್ ಅವರ 53 ಕಂತುಗಳ ‘ಭಾರತ್ ಏಕ್ ಖೋಜ್’ ಪೂರ್ಣ ಸಾಕ್ಷ್ಯಚಿತ್ರವಲ್ಲ, ಪೂರ್ಣ ನಾಟಕವೂ ಅಲ್ಲ. ಅದರಲ್ಲಿ ನಿರೂಪಣೆಗೂ ದನಿಯಾದ ಓಂ ಪುರಿಯವರು ಅಶೋಕನಾದರು, ಔರಂಗಜೇಬನೂ ಆದರು. ನೆಹರೂ ಪಾತ್ರದ ರೋಶನ್ ಸೇಠ್ ಕ್ಯಾಮೆರಾವನ್ನು ನೇರವಾಗಿ ನೋಡಿ ಚರಿತ್ರೆಯನ್ನು ವಿವರಿಸಿದರು. ಒಂದೇ ಮುಖ ಹಲವು ಶತಮಾನಗಳಲ್ಲಿ ಕಾಣಿಸಿಕೊಂಡರೂ ನಮಗೆ ಗೊಂದಲವಾಗಲಿಲ್ಲವೆಂದರೆ ಆ ಶ್ರೇಯಸ್ಸು ನಟನದು.

ನನಗಿರುವ ನೋವು ಬೇರೆ. ಚಿತ್ರ ಮುಗಿಯುತ್ತಲೇ ವಾಹಿನಿಗಳು ಹೆಸರುಗಳ ಪಟ್ಟಿಯನ್ನು ಕುಗ್ಗಿಸಿ ಮುಂದಿನ ಕಾರ್ಯಕ್ರಮದ ಜಾಹೀರಾತನ್ನು ತುಂಬುತ್ತವೆ. ವಿಮರ್ಶಕರು ವಸ್ತುವನ್ನು ಚರ್ಚಿಸುತ್ತಾರೆ, ನಿರ್ದೇಶಕರನ್ನು ಹೊಗಳುತ್ತಾರೆ. ಒಂದು ಗಂಟೆಯ ಕಾಲ ನಮ್ಮನ್ನು ಕೈಹಿಡಿದು ನಡೆಸಿದವರ ಹೆಸರಿಗೆ ಅರ್ಧ ಸಾಲನ್ನೂ ಕೊಡುವುದಿಲ್ಲ. ಮುಂದಿನ ಸಂಚಿಕೆಯಿಂದ ನಮ್ಮ ಪತ್ರಿಕೆಯ ಪ್ರತಿ ಸಾಕ್ಷ್ಯಚಿತ್ರ ವಿಮರ್ಶೆಯಲ್ಲಿಯೂ ನಿರೂಪಕರ ಮತ್ತು ನಟರ ಹೆಸರುಗಳು ನಿರ್ದೇಶಕರ ಹೆಸರಿನ ಜೊತೆಗೇ ಅಚ್ಚಾಗುತ್ತವೆ.

— ಸಂಪಾದಕ