ನಾಯಿಗೆ ಮನೆಯಲ್ಲೇ ಮಾಡುವ ತಿನಿಸು: ಓದುಗರ ಪ್ರಶ್ನೆಗಳಿಗೆ ಪಶುವೈದ್ಯರ ಉತ್ತರ

ಪ್ರಶ್ನೆ: ಡಾಕ್ಟರೇ, ನಮ್ಮಲ್ಲಿ ಎರಡು ವರ್ಷದ, ಹತ್ತು ಕಿಲೋ ತೂಕದ ಹೆಣ್ಣು ನಾಯಿಯಿದೆ. ಸಂತಾನಹರಣ ಶಸ್ತ್ರಚಿಕಿತ್ಸೆ ಆಗಿದೆ. ಅಂಗಡಿಯಿಂದ ತರುವ ಬಿಸ್ಕತ್ತಿನ ಪೊಟ್ಟಣದ ಮೇಲಿರುವ ಪದಾರ್ಥಗಳ ಪಟ್ಟಿಯಲ್ಲಿ ಅರ್ಧಕ್ಕರ್ಧ ನಮಗೆ ಅರ್ಥವಾಗುವುದಿಲ್ಲ. ಮನೆಯಲ್ಲೇ ಮಾಡಬಹುದಾದ ಸರಳವಾದ ಬಿಸ್ಕತ್ತನ್ನು ಅಳತೆಯ ಸಮೇತ ತಿಳಿಸುವಿರಾ? ಉಪ್ಪು, ಸಕ್ಕರೆ ಹಾಕದಿದ್ದರೆ ಅದು ತಿನ್ನುತ್ತದೆಯೇ?

ಉತ್ತರ: ಖಂಡಿತ ತಿನ್ನುತ್ತದೆ. ನಾಯಿ ತಿನಿಸನ್ನು ಮೊದಲು ಅಳೆಯುವುದು ಮೂಗಿನಿಂದ. ಮನುಷ್ಯನ ನಾಲಿಗೆಯಲ್ಲಿ ಸುಮಾರು 9,000 ರುಚಿಮೊಗ್ಗುಗಳಿದ್ದರೆ ನಾಯಿಯ ನಾಲಿಗೆಯಲ್ಲಿ ಇರುವುದು 1,700ರಷ್ಟು ಮಾತ್ರ. ಆದ್ದರಿಂದ ನಮಗೆ ಸಪ್ಪೆಯೆನಿಸುವ ಬಿಸ್ಕತ್ತು ಅದಕ್ಕೆ ಸಪ್ಪೆಯಲ್ಲ. ಬೆಂದ ಮೊಟ್ಟೆಯ ವಾಸನೆಯೇ ಅದನ್ನು ಅಡುಗೆಮನೆಯ ಬಾಗಿಲಿನವರೆಗೆ ಎಳೆದು ತರುತ್ತದೆ. ಮನೆಯ ತಿನಿಸಿನ ದೊಡ್ಡ ಗುಣವೆಂದರೆ ಅದಕ್ಕೆ ಏನನ್ನು ಹಾಕಬಾರದು ಎಂಬುದು ಪೂರ್ತಿಯಾಗಿ ನಮ್ಮ ಕೈಯಲ್ಲಿರುತ್ತದೆ. ಮೂರೇ ಪದಾರ್ಥಗಳಿಂದ ಆರಂಭಿಸಿ. ಆಗ ಹೊಟ್ಟೆ ಕೆಟ್ಟರೂ ಚರ್ಮ ಕೆರೆತಕ್ಕೆ ಬಂದರೂ ಕಾರಣವನ್ನು ಹುಡುಕುವುದು ಸುಲಭವಾಗುತ್ತದೆ.

ಮುನ್ನೂರು ಗ್ರಾಂ ಇಡಿ ಗೋಧಿಯ ಹಿಟ್ಟು, ಹಬೆಯಲ್ಲಿ ಬೇಯಿಸಿ ನುಣ್ಣಗೆ ಹಿಸುಕಿದ ನೂರೈವತ್ತು ಗ್ರಾಂ ಸಿಹಿಗುಂಬಳ ಮತ್ತು ಒಂದು ಮೊಟ್ಟೆ, ಇಷ್ಟೇ ಸಾಕು. ಕುಂಬಳವನ್ನು ನೀರಿನಲ್ಲಿ ಮುಳುಗಿಸಿ ಬೇಯಿಸಿದರೆ ಅದು ನೀರು ಕುಡಿದು ಹಿಟ್ಟನ್ನು ಅಂಟಂಟಾಗಿಸುತ್ತದೆ. ಹಬೆಯಲ್ಲಿ ಬೇಯಿಸಿ ಪೂರ್ತಿ ಆರಿದ ಮೇಲೆ ಬಳಸಿ. ಮೊಟ್ಟೆಯನ್ನೂ ಕುಂಬಳವನ್ನೂ ಮೊದಲು ಚೆನ್ನಾಗಿ ಬೆರೆಸಿಕೊಂಡು, ಹಿಟ್ಟನ್ನು ಸ್ವಲ್ಪಸ್ವಲ್ಪವಾಗಿ ಸೇರಿಸುತ್ತಾ ಗಟ್ಟಿಯಾಗಿ ನಾದಬೇಕು. ಮೊದಲಿಗೆ ಪುಡಿಪುಡಿಯಾಗಿಯೇ ಉಳಿದು ‘ಇದು ಕೂಡುವುದಿಲ್ಲ’ ಎನಿಸುತ್ತದೆ. ಆಗ ಅವಸರಪಟ್ಟು ನೀರು ಹಾಕಬೇಡಿ. ಅಂಗೈಯಿಂದ ಒತ್ತಿ ಒತ್ತಿ ಮೂರು ನಾಲ್ಕು ನಿಮಿಷ ನಾದಿದರೆ ಕುಂಬಳದ ತೇವವೇ ಹಿಟ್ಟನ್ನು ಹಿಡಿದಿಡುತ್ತದೆ. ಅಷ್ಟಾದರೂ ಬಿರುಕು ಬಿಟ್ಟರೆ ಒಂದು ಚಮಚ ನೀರು ಚಿಮುಕಿಸಿ. ಹತ್ತು ನಿಮಿಷ ಮುಚ್ಚಿಟ್ಟು, ಅರ್ಧ ಸೆಂಟಿಮೀಟರಿಗಿಂತ ತುಸು ದಪ್ಪವಾಗಿ ಲಟ್ಟಿಸಿ, ಎರಡು ಸೆಂಟಿಮೀಟರಿನ ಚೌಕಗಳಾಗಿ ಕತ್ತರಿಸಿ. ಈ ಅಳತೆಯಲ್ಲಿ ಸುಮಾರು 170 ತುಂಡುಗಳು ಬರುತ್ತವೆ.

ಓವನ್ನನ್ನು 165 ಡಿಗ್ರಿ ಸೆಲ್ಸಿಯಸ್‌ಗೆ ಕಾಯಿಸಿ ಅರ್ಧ ಗಂಟೆ ಬೇಯಿಸಿ. ಅಂಚು ಕಂದು ಬಣ್ಣಕ್ಕೆ ತಿರುಗಿದ ಮೇಲೆ ಉರಿ ನಿಲ್ಲಿಸಿ, ತಟ್ಟೆಯನ್ನು ಹೊರಗೆ ತೆಗೆಯದೆ ಬಾಗಿಲು ಮುಚ್ಚಿ ಎರಡು ಮೂರು ಗಂಟೆ ಹಾಗೆಯೇ ಬಿಡಿ. ಇಳಿಯುತ್ತಿರುವ ಆ ಕಾವಿನಲ್ಲೇ ಒಳಗಿನ ತೇವ ಹೋಗುತ್ತದೆ. ಒಂದು ತುಂಡನ್ನು ಮುರಿದು ನೋಡಿ: ಚಟ್ ಎಂದು ಮುರಿದು, ನಡುಭಾಗವೂ ಅಂಚಿನಷ್ಟೇ ಒಣಗಿ ಕಂಡರೆ ಕೆಲಸ ಮುಗಿದಂತೆ. ಬಾಗಿ ಹರಿದರೆ, ಅಥವಾ ನಡುವೆ ಗಾಢ ಬಣ್ಣದ ಮೆತ್ತನೆಯ ಗೆರೆ ಕಂಡರೆ, 100 ಡಿಗ್ರಿಯಲ್ಲಿ ಇನ್ನೂ ಅರ್ಧ ಗಂಟೆ ಒಣಗಿಸಬೇಕು. ಬೇಕಿಂಗ್ ಪೌಡರ್ ಅಥವಾ ಸೋಡಾದ ಅಗತ್ಯವೇ ಇಲ್ಲ. ಬಿಸ್ಕತ್ತು ಉಬ್ಬಬೇಕೆಂಬ ಆಸೆ ನಮ್ಮದೇ ಹೊರತು ನಾಯಿಯದಲ್ಲ. ಯೀಸ್ಟನ್ನಂತೂ ಬಳಸಲೇಬೇಡಿ. ಯೀಸ್ಟ್ ಬೆರೆತ ಹಸಿ ಹಿಟ್ಟನ್ನು ನಾಯಿ ಕದ್ದು ನುಂಗಿದರೆ ಅದು ಹೊಟ್ಟೆಯ ಬಿಸಿಗೆ ಉಬ್ಬುವುದಲ್ಲದೆ ಮದ್ಯಸಾರವನ್ನೂ ಉತ್ಪಾದಿಸುತ್ತದೆ, ಮತ್ತು ಇವೆರಡರಿಂದಲೂ ಪ್ರಾಣಕ್ಕೆ ಅಪಾಯವಿದೆ. ಯೀಸ್ಟ್ ಇಲ್ಲದ ಹಸಿ ಹಿಟ್ಟನ್ನೂ ನೆಕ್ಕಲು ಬಿಡಬೇಡಿ, ಏಕೆಂದರೆ ಬೇಯಿಸದ ಹಿಟ್ಟಿನಲ್ಲಿ ಮತ್ತು ಹಸಿ ಮೊಟ್ಟೆಯಲ್ಲಿ ಸಾಲ್ಮೊನೆಲ್ಲಾದಂಥ ರೋಗಾಣುಗಳು ಇರಬಹುದು.

ಪ್ರಶ್ನೆ: ಮನೆಯ ತಿನಿಸು ಆರೋಗ್ಯಕರ ಎಂದು ಕೇಳಿದ ಮೇಲೆ ಮನೆಯವರೆಲ್ಲರೂ ಧಾರಾಳವಾಗಿ ಕೊಡುತ್ತಿದ್ದೇವೆ. ದಿನಕ್ಕೆ ಎಷ್ಟು ಕೊಡಬಹುದು ಎಂಬುದಕ್ಕೆ ಲೆಕ್ಕವಿದೆಯೇ?

ಉತ್ತರ: ಇದೆ, ಮತ್ತು ಈ ಅಂಕಣಕ್ಕೆ ಬಂದ ಪ್ರಶ್ನೆಗಳಲ್ಲಿ ನನಗೆ ಅತ್ಯಂತ ಮುಖ್ಯವೆನಿಸಿದ್ದು ಇದೇ. ತಿನಿಸಿನಿಂದ ಬರುವ ಶಕ್ತಿ ದಿನದ ಒಟ್ಟು ಕ್ಯಾಲೊರಿಯ ಶೇಕಡಾ 10ನ್ನು ಮೀರಬಾರದು. ಉಳಿದ 90 ಭಾಗ ಎಲ್ಲ ಪೋಷಕಾಂಶಗಳೂ ಹದವಾಗಿರುವ ಊಟದಿಂದ ಬರಬೇಕು. ಹಿಟ್ಟು ಮತ್ತು ಕುಂಬಳದ ಬಿಸ್ಕತ್ತಿನಲ್ಲಿ ನಾಯಿಗೆ ಬೇಕಾದಷ್ಟು ಸುಣ್ಣದಂಶವಾಗಲಿ ಅಗತ್ಯ ಕೊಬ್ಬಾಗಲಿ ಇರುವುದಿಲ್ಲ.

ಲೆಕ್ಕವನ್ನು ನೀವೇ ಮಾಡಿಕೊಳ್ಳಬಹುದು. ನಾಯಿಯ ತೂಕವನ್ನು ಕಿಲೋಗಳಲ್ಲಿ ಬರೆದು, ಆ ಸಂಖ್ಯೆಯನ್ನು ಅದರಿಂದಲೇ ಗುಣಿಸಿ, ಬಂದದ್ದನ್ನು ಮತ್ತೊಮ್ಮೆ ಅದೇ ತೂಕದಿಂದ ಗುಣಿಸಿ; ಬಂದ ಮೊತ್ತದ ವರ್ಗಮೂಲ ತೆಗೆದು, ಅದಕ್ಕೆ ಮತ್ತೊಮ್ಮೆ ವರ್ಗಮೂಲ ತೆಗೆದು, 70ರಿಂದ ಗುಣಿಸಿದರೆ ಸುಮ್ಮನೆ ಮಲಗಿರುವ ನಾಯಿಗೆ ದಿನಕ್ಕೆ ಬೇಕಾದ ಕಿಲೋಕ್ಯಾಲೊರಿ ದೊರೆಯುತ್ತದೆ. ಹತ್ತು ಕಿಲೋ ನಾಯಿಗೆ ಇದು 394. ಸಂತಾನಹರಣವಾದ ವಯಸ್ಕ ನಾಯಿಗೆ ಇದನ್ನು ಸಾಮಾನ್ಯವಾಗಿ 1.6ರಿಂದ ಗುಣಿಸುತ್ತೇವೆ, ಆಗ ಸುಮಾರು 630 ಆಗುತ್ತದೆ. ಅದರ ಹತ್ತನೇ ಒಂದು ಭಾಗ 63. ಮೇಲೆ ಹೇಳಿದ ಬಿಸ್ಕತ್ತಿನ ಒಂದು ತುಂಡಿಗೆ ಆರರಿಂದ ಏಳು ಕಿಲೋಕ್ಯಾಲೊರಿ ಇರುವುದರಿಂದ ದಿನಕ್ಕೆ ಒಂಬತ್ತು ತುಂಡುಗಳೇ ಮಿತಿ. ಐದು ಕಿಲೋ ನಾಯಿಗೆ ಇದೇ ಲೆಕ್ಕದಲ್ಲಿ ಐದು ತುಂಡು. ತೂಕ ಅರ್ಧವಾದರೂ ಮಿತಿ ನಿಖರವಾಗಿ ಅರ್ಧವಾಗುವುದಿಲ್ಲ, ಏಕೆಂದರೆ ಚಿಕ್ಕ ದೇಹ ಪ್ರತಿ ಕಿಲೋಗೆ ಹೆಚ್ಚು ಶಕ್ತಿಯನ್ನು ಖರ್ಚುಮಾಡುತ್ತದೆ. ಮೈ ಬೆಳೆಸಿಕೊಂಡ ನಾಯಿಗೆ ಈ ಮಿತಿಯನ್ನು ಇನ್ನೂ ತಗ್ಗಿಸಬೇಕಾಗುತ್ತದೆ.

ಮನೆಯಲ್ಲಿ ನಾಲ್ವರಿದ್ದು ನಾಲ್ವರೂ ಒಬ್ಬರಿಗೆ ತಿಳಿಯದಂತೆ ಇನ್ನೊಬ್ಬರು ಕೊಡುವುದನ್ನು ನಾನು ಮತ್ತೆ ಮತ್ತೆ ನೋಡಿದ್ದೇನೆ. ಬೆಳಿಗ್ಗೆ ಒಂಬತ್ತು ತುಂಡುಗಳನ್ನು ಎಣಿಸಿ ಒಂದು ಚಿಕ್ಕ ಬಟ್ಟಲಿಗೆ ಹಾಕಿಡಿ. ಯಾರೇ ಕೊಟ್ಟರೂ ಅದರಿಂದಲೇ ಕೊಡಲಿ. ಬಟ್ಟಲು ಖಾಲಿಯಾದರೆ ಆ ದಿನಕ್ಕೆ ಮುಗಿಯಿತು. ಅಷ್ಟು ಕ್ಯಾಲೊರಿಯನ್ನು ಊಟದಲ್ಲಿ ಕಡಿಮೆ ಮಾಡುವುದನ್ನು ಮರೆಯಬೇಡಿ. ಪಾಠ ಕಲಿಸುವಾಗ ಒಂದು ತುಂಡನ್ನು ನಾಲ್ಕು ಚೂರು ಮಾಡಿದರೆ ಒಂಬತ್ತು ಮೂವತ್ತಾರಾಗುತ್ತದೆ, ಮತ್ತು ಚೂರು ಚಿಕ್ಕದಾಯಿತೆಂದು ಮುನಿಸಿಕೊಂಡ ನಾಯಿಯನ್ನು ನಾನಂತೂ ಕಂಡಿಲ್ಲ.

ಪ್ರಶ್ನೆ: ನಮ್ಮ ಮನೆಯಲ್ಲಿ ಓವನ್ ಇಲ್ಲ. ಒಲೆಯ ಮೇಲೆಯೇ ಏನಾದರೂ ಮಾಡಲು ಸಾಧ್ಯವೇ?

ಉತ್ತರ: ಧಾರಾಳವಾಗಿ ಸಾಧ್ಯ. ಅದೇ ಬಿಸ್ಕತ್ತನ್ನು ಇನ್ನೂ ತೆಳ್ಳಗೆ ಲಟ್ಟಿಸಿ, ದಪ್ಪ ತಳದ ಬಾಣಲೆಯಲ್ಲಿ ಎಣ್ಣೆ ಹಾಕದೆ ಸಣ್ಣ ಉರಿಯ ಮೇಲೆ ಮಗುಚುತ್ತಾ ಬೇಯಿಸಬಹುದು. ಅದು ಅಷ್ಟು ಗರಿಗರಿಯಾಗದು, ಆದರೆ ನಾಯಿಗೆ ಅದರಿಂದ ಕೊರತೆಯೇನೂ ಇಲ್ಲ. ಇನ್ನೂ ಸುಲಭವಾದದ್ದು ಉಪ್ಪು, ಮಸಾಲೆ ಹಾಕದೆ ನೀರಿನಲ್ಲಿ ಬೇಯಿಸಿದ ಚರ್ಮರಹಿತ ಕೋಳಿಯ ಎದೆಮಾಂಸ. ಅದನ್ನು ಕಡಲೆಕಾಳಿನಷ್ಟು ಚಿಕ್ಕದಾಗಿ ಹರಿದು ಕೊಡಿ. ಕೋಳಿಮಾಂಸದ ಒಳಭಾಗ 74 ಡಿಗ್ರಿ ಸೆಲ್ಸಿಯಸ್ ಮುಟ್ಟುವವರೆಗೆ ಬೇಯಬೇಕು. ಮಾಂಸವನ್ನು ಒಣಗಿಸಿಡುವವರೂ ಮೊದಲು ಈ ಶಾಖಕ್ಕೆ ಬೇಯಿಸಿ ಆಮೇಲೆ ಒಣಗಿಸಬೇಕು, ಏಕೆಂದರೆ ಒಣಗಿಸುವ ಯಂತ್ರದ ಕಡಿಮೆ ಕಾವು ಮಾತ್ರವೇ ರೋಗಾಣುಗಳನ್ನು ಕೊಲ್ಲಲಾರದು. ಬೇಯಿಸಿದ ಮೂಳೆಯನ್ನು ಕೊಡಲೇಬೇಡಿ, ಅದು ಚೂಪಾಗಿ ಸೀಳಿ ಕರುಳನ್ನು ಗಾಯಗೊಳಿಸುತ್ತದೆ. ಲಿವರ್ ನಾಯಿಗಳಿಗೆ ಬಲು ಇಷ್ಟ, ಆದರೆ ಅದರಲ್ಲಿ ಎ ಜೀವಸತ್ವ ಬಹಳ ಹೆಚ್ಚಾಗಿರುವುದರಿಂದ ವಾರಕ್ಕೆ ಒಂದೆರಡು ಸಲ, ಕೆಲವು ಚೂರುಗಳಷ್ಟೇ ಸಾಕು.

ಬೇಯಿಸುವ ಕೆಲಸವೇ ಬೇಡವೆನ್ನುವವರಿಗೆ ಕ್ಯಾರೆಟ್ ಇದೆ. ನೂರು ಗ್ರಾಂ ಕ್ಯಾರೆಟ್‌ನಲ್ಲಿ ಸುಮಾರು 40 ಕಿಲೋಕ್ಯಾಲೊರಿ ಮಾತ್ರ. ಗಬಗಬನೆ ನುಂಗುವ ನಾಯಿಗೆ ಗುಂಡನೆಯ ಬಿಲ್ಲೆಗಳನ್ನು ಕೊಡದೆ ತುರಿದು ಅಥವಾ ತೀರ ಚಿಕ್ಕದಾಗಿ ಹೆಚ್ಚಿ ಕೊಡಿ.

ಪ್ರಶ್ನೆ: ಮಕ್ಕಳಿಗೆಂದು ತಂದ ಕಡಲೆಕಾಯಿ ಬೆಣ್ಣೆಯನ್ನು ನಾಯಿಯ ಬಿಸ್ಕತ್ತಿಗೆ ಬಳಸಬಹುದೇ? ಹಾಗೆಯೇ, ನಮ್ಮ ಅಡುಗೆಯ ಸಾರಿನಿಂದ ಈರುಳ್ಳಿಯನ್ನು ಸೋಸಿ ತೆಗೆದು ಹಿಟ್ಟು ಕಲಸಿದರೆ ತೊಂದರೆಯಿದೆಯೇ?

ಉತ್ತರ: ಎರಡನೆಯ ಪ್ರಶ್ನೆಗೆ ಮೊದಲು ಉತ್ತರಿಸುತ್ತೇನೆ: ದಯವಿಟ್ಟು ಬಳಸಬೇಡಿ. ಈರುಳ್ಳಿ ಮತ್ತು ಬೆಳ್ಳುಳ್ಳಿಯಲ್ಲಿರುವ ಗಂಧಕದ ಸಂಯುಕ್ತಗಳು ನಾಯಿಯ ಕೆಂಪು ರಕ್ತಕಣಗಳನ್ನು ಹಾಳುಮಾಡುತ್ತವೆ. ಬೇಯಿಸಿದರೂ ಒಣಗಿಸಿ ಪುಡಿ ಮಾಡಿದರೂ ಆ ಗುಣ ಹೋಗುವುದಿಲ್ಲ, ಮತ್ತು ಸಾರಿಗೆ ಇಳಿದದ್ದನ್ನು ಸೋಸಿ ತೆಗೆಯಲಾಗದು. ಕೆಲವು ವರ್ಷಗಳ ಹಿಂದೆ ಒಂದು ಕುಟುಂಬ ತಮ್ಮ ಪುಟ್ಟ ನಾಯಿಯನ್ನು ಎತ್ತಿಕೊಂಡು ಬಂದಿತ್ತು. ತುಟಿಯನ್ನು ಮೇಲೆತ್ತಿ ನೋಡಿದರೆ ಗುಲಾಬಿ ಬಣ್ಣದಲ್ಲಿರಬೇಕಾದ ಒಸಡು ಕಾಗದದಂತೆ ಬಿಳಿಚಿಕೊಂಡಿತ್ತು. ಮೂತ್ರ ಗಾಢ ಕಂದು ಬಣ್ಣಕ್ಕೆ ತಿರುಗಿತ್ತು. ವಾರವಿಡೀ ಈರುಳ್ಳಿಯ ಗಟ್ಟಿ ಸಾರಿನಲ್ಲಿ ಕಲಸಿದ ತಿನಿಸನ್ನು ಪ್ರೀತಿಯಿಂದಲೇ ತಿನ್ನಿಸಿದ್ದರು. ತಿಂದ ದಿನವೇ ಲಕ್ಷಣ ಕಾಣಿಸಿದ್ದರೆ ಅವರು ಆಗಲೇ ನಿಲ್ಲಿಸುತ್ತಿದ್ದರು; ಆದರೆ ರಕ್ತಹೀನತೆ ಹೊರಗೆ ಕಾಣಲು ಹಲವು ದಿನಗಳೇ ಬೇಕಾಗುತ್ತವೆ. ನಾಯಿ ಉಳಿಯಿತು. ಆ ಬಿಳಿಯ ಒಸಡು ಮಾತ್ರ ನನ್ನ ಕಣ್ಣಿನಿಂದ ಮರೆಯಾಗಿಲ್ಲ.

ಕಡಲೆಕಾಯಿ ಬೆಣ್ಣೆಯ ವಿಷಯದಲ್ಲಿ ಡಬ್ಬಿಯ ಮೇಲಿನ ಪಟ್ಟಿಯನ್ನು ಓದದೆ ಮುಂದುವರಿಯಬೇಡಿ. ಸಕ್ಕರೆ ಇಲ್ಲದ್ದೆಂದು ಮಾರುವ ಕೆಲವು ಬಗೆಗಳಲ್ಲಿ ಕ್ಸೈಲಿಟಾಲ್ ಎಂಬ ಸಿಹಿಕಾರಕವಿರುತ್ತದೆ. ಬರ್ಚ್ ಸಕ್ಕರೆ ಅಥವಾ ಇ967 ಎಂದು ಬರೆದಿದ್ದರೂ ಅದು ಇದೇ. ಮನುಷ್ಯರಿಗೆ ಇಂಥ ತೊಂದರೆ ಮಾಡದ ಈ ವಸ್ತು ನಾಯಿಯ ದೇಹದಲ್ಲಿ ಇನ್ಸುಲಿನ್ ಒಮ್ಮೆಲೇ ಸ್ರವಿಸುವಂತೆ ಮಾಡುವುದರಿಂದ, ಅನೇಕ ಸಲ ಒಂದು ಗಂಟೆಯೊಳಗೇ ರಕ್ತದಲ್ಲಿನ ಸಕ್ಕರೆ ಕುಸಿದು ನಾಯಿ ತೂರಾಡತೊಡಗುತ್ತದೆ. ಪ್ರತಿ ಕಿಲೋ ತೂಕಕ್ಕೆ 0.1 ಗ್ರಾಂನಷ್ಟು ಹೊಟ್ಟೆಗೆ ಹೋದರೂ ಇದು ಆಗಬಹುದು, 0.5 ಗ್ರಾಂ ಮೀರಿದರೆ ಯಕೃತ್ತೇ ವಿಫಲವಾಗುವ ಭಯವಿದೆ. ಕಡಲೆಕಾಯಿಯ ಹೊರತು ಬೇರೇನೂ ಇಲ್ಲದ ಬೆಣ್ಣೆಯಾದರೆ ಬಳಸಬಹುದು, ಆದರೆ ಒಂದು ದೊಡ್ಡ ಚಮಚಕ್ಕೆ 95ರಷ್ಟು ಕಿಲೋಕ್ಯಾಲೊರಿ ಇರುವುದನ್ನು ಲೆಕ್ಕಕ್ಕೆ ತೆಗೆದುಕೊಳ್ಳಿ.

ಕೇಳದಿದ್ದರೂ ಇಲ್ಲಿ ಹೇಳಲೇಬೇಕಾದದ್ದು ದ್ರಾಕ್ಷಿ, ಒಣದ್ರಾಕ್ಷಿ, ಚಾಕೊಲೇಟ್ ಮತ್ತು ಮಕಡೇಮಿಯಾ ಬೀಜಗಳ ಮಾತು. ಇವು ಯಾವ ತಿನಿಸಿಗೂ ಸೇರಬಾರದು. ದ್ರಾಕ್ಷಿಯಿಂದ ಕೆಲವು ನಾಯಿಗಳ ಮೂತ್ರಪಿಂಡವೇ ನಿಂತುಹೋಗುತ್ತದೆ, ಮತ್ತು ಇಷ್ಟರವರೆಗೆ ಕೊಟ್ಟರೆ ಅಪಾಯವಿಲ್ಲ ಎಂದು ಹೇಳಬಹುದಾದ ಅಳತೆಯಿಲ್ಲ. ಸೇಬನ್ನು ಬೀಜ ತೆಗೆದು ಕೊಡಬಹುದು. ಬೇಡವಾದದ್ದನ್ನು ತಿಂದಿದೆ ಎಂದು ಗೊತ್ತಾದ ಕೂಡಲೇ, ಲಕ್ಷಣಗಳಿಗೆ ಕಾಯದೆ, ಪೊಟ್ಟಣವನ್ನೂ ಕೈಯಲ್ಲಿ ಹಿಡಿದು ವೈದ್ಯರ ಬಳಿಗೆ ಹೊರಡಿ. ಮನೆಯಲ್ಲಿ ಉಪ್ಪುನೀರು ಕುಡಿಸಿ ವಾಂತಿ ಮಾಡಿಸುವ ಪ್ರಯತ್ನ ಬೇಡ. ಆ ಉಪ್ಪೇ ವಿಷವಾಗಬಲ್ಲದು.

ಪ್ರಶ್ನೆ: ನಾಯಿ ತೋಳದ ಸಂತತಿಯಾದ್ದರಿಂದ ಧಾನ್ಯ ಅದಕ್ಕೆ ಜೀರ್ಣವಾಗುವುದಿಲ್ಲವೆಂದು ಸ್ನೇಹಿತರು ಹೇಳುತ್ತಾರೆ. ಗೋಧಿಯನ್ನು ಬಿಡಬೇಕೇ?

ಉತ್ತರ: ಎಲ್ಲ ನಾಯಿಗಳೂ ಬಿಡಬೇಕಾಗಿಲ್ಲ. ಪಿಷ್ಟವನ್ನು ಜೀರ್ಣಿಸುವ ಅಮೈಲೇಸ್ ಎಂಬ ಕಿಣ್ವದ ವಂಶವಾಹಿ ತೋಳಕ್ಕಿಂತ ನಾಯಿಯಲ್ಲಿ ಅನೇಕ ಪಟ್ಟು ಪ್ರತಿಗಳಲ್ಲಿದೆ ಎಂದು 2013ರಲ್ಲಿ ಪ್ರಕಟವಾದ ಸಂಶೋಧನೆ ತೋರಿಸಿತು. ಮನುಷ್ಯನ ಜೊತೆ ಬದುಕುತ್ತಾ ನಾಯಿ ಅವನ ಊಟಕ್ಕೂ ಹೊಂದಿಕೊಂಡಿದೆ. ಆದರೆ ಕೆಲವು ನಾಯಿಗಳಿಗೆ ಗೋಧಿ ಒಗ್ಗುವುದಿಲ್ಲ ಎಂಬುದೂ ನಿಜ. ಗೋಮಾಂಸ, ಹಾಲಿನ ಪದಾರ್ಥ ಮತ್ತು ಕೋಳಿಮಾಂಸ ಕೂಡ ಅದೇ ಸಾಲಿನಲ್ಲಿವೆ. ವರ್ಷವಿಡೀ ಕೆರೆದುಕೊಳ್ಳುವ, ಕಿವಿ ಮತ್ತೆ ಮತ್ತೆ ಸೋರುವ ನಾಯಿಯಾದರೆ ಊಹೆಯಿಂದ ಒಂದೊಂದನ್ನೇ ಬಿಡಿಸುವ ಬದಲು ವೈದ್ಯರ ಮಾರ್ಗದರ್ಶನದಲ್ಲಿ ಎಂಟು ವಾರಗಳ ಪಥ್ಯಪರೀಕ್ಷೆ, ಅಂದರೆ ಅವರು ಹೇಳಿದ ಆಹಾರವನ್ನಷ್ಟೇ ಕೊಟ್ಟು ನೋಡುವ ಪರೀಕ್ಷೆ, ಮಾಡಿಸಿ. ಆ ಅವಧಿಯಲ್ಲಿ ಹೊರಗಿನ ಒಂದು ಚೂರು ಬಿಸ್ಕತ್ತು ಕೂಡ ಪರೀಕ್ಷೆಯನ್ನು ಕೆಡಿಸುತ್ತದೆ. ಗೋಧಿ ಬೇಡವಾದಲ್ಲಿ ಓಟ್ಸ್ ಹಿಟ್ಟನ್ನೋ ಅಕ್ಕಿಹಿಟ್ಟನ್ನೋ ಬಳಸಬಹುದು. ಅದರಲ್ಲಿ ಅಂಟು ಕಡಿಮೆಯಾದ್ದರಿಂದ ಲಟ್ಟಿಸುವ ಬದಲು ಕೈಯಿಂದಲೇ ತಟ್ಟಿ.

ಪ್ರಶ್ನೆ: ಹನ್ನೆರಡು ವರ್ಷದ ನಮ್ಮ ನಾಯಿಗೆ ಒಮ್ಮೆ ಮೇದೋಜ್ಜೀರಕ ಗ್ರಂಥಿಯ ಉರಿಯೂತವಾಗಿತ್ತು. ಅದಕ್ಕೂ ಇವನ್ನು ಕೊಡಬಹುದೇ?

ಉತ್ತರ: ಕಡಲೆಕಾಯಿ ಬೆಣ್ಣೆ, ಚೀಸ್ ಮತ್ತು ಕೊಬ್ಬಿರುವ ಮಾಂಸ ಬೇಡವೇ ಬೇಡ. ಬೇಯಿಸಿದ ಕುಂಬಳ, ಗೆಣಸು, ಕ್ಯಾರೆಟ್‌ಗಳ ಚಿಕ್ಕ ತುಂಡುಗಳನ್ನು ನಿಮ್ಮ ವೈದ್ಯರನ್ನು ಕೇಳಿ ಕೊಡಿ. ಮಧುಮೇಹ ಅಥವಾ ಮೂತ್ರಪಿಂಡದ ಕಾಯಿಲೆಯಿರುವ ನಾಯಿಗಳ ಪಥ್ಯ ಬೇರೆಯೇ ಆಗಿರುವುದರಿಂದ ಇಲ್ಲಿನ ಯಾವ ಅಳತೆಯನ್ನೂ ಅವಕ್ಕೆ ನೇರವಾಗಿ ಅನ್ವಯಿಸಬೇಡಿ.

ಪ್ರಶ್ನೆ: ಮಾಡಿಟ್ಟ ಬಿಸ್ಕತ್ತಿಗೆ ಐದಾರು ದಿನಗಳಲ್ಲೇ ಬೂಷ್ಟು ಬಂತು. ಬೂಷ್ಟು ಬಂದ ಭಾಗವನ್ನು ಕೆರೆದು ಮತ್ತೆ ಬಿಸಿ ಮಾಡಿದರೆ ಸಾಲದೇ?

ಉತ್ತರ: ಸಾಲದು, ಪೂರ್ತಿಯಾಗಿ ಎಸೆಯಬೇಕು. ಬೂಷ್ಟಿನ ಬೇರುಗಳು ಕಣ್ಣಿಗೆ ಕಾಣದಷ್ಟು ಆಳಕ್ಕೆ ಇಳಿದಿರುತ್ತವೆ, ಮತ್ತು ಕೆಲವು ಬೂಷ್ಟುಗಳು ಉಂಟುಮಾಡುವ ಅಫ್ಲಾಟಾಕ್ಸಿನ್‌ನಂಥ ವಿಷಗಳು ಓವನ್ನಿನ ಶಾಖಕ್ಕೂ ಪೂರ್ತಿ ನಾಶವಾಗುವುದಿಲ್ಲ. ನಾಯಿಯ ಯಕೃತ್ತು ಈ ವಿಷಕ್ಕೆ ಬಹಳ ಸೂಕ್ಷ್ಮ. ನಿಮ್ಮ ಬಿಸ್ಕತ್ತು ಒಳಗೆ ಪೂರ್ತಿ ಒಣಗಿರಲಿಲ್ಲ, ಅಥವಾ ಬಿಸಿಯಿರುವಾಗಲೇ ಡಬ್ಬಿಗೆ ಸೇರಿತ್ತು ಎಂದು ತೋರುತ್ತದೆ. ಬಿಸಿ ತುಂಡುಗಳಿಂದ ಏಳುವ ಹಬೆ ಮುಚ್ಚಳದ ಒಳಬದಿಯಲ್ಲಿ ಹನಿಗಟ್ಟಿ ಮತ್ತೆ ಬಿಸ್ಕತ್ತಿನ ಮೇಲೆಯೇ ಬೀಳುತ್ತದೆ. ಇನ್ನು ಮುಂದೆ ಜಾಲರಿಯ ಮೇಲೆ ಹರಡಿ ಪೂರ್ತಿ ಆರಿಸಿ, ಒಂದು ವಾರಕ್ಕೆ ಬೇಕಾದಷ್ಟನ್ನು ಗಾಳಿಯಾಡದ ಡಬ್ಬಿಯಲ್ಲಿ ಫ್ರಿಜ್ಜಿನಲ್ಲಿಟ್ಟು, ಮಿಕ್ಕದ್ದನ್ನು ಅಂದೇ ಚಿಕ್ಕ ಚಿಕ್ಕ ಪೊಟ್ಟಣಗಳಾಗಿ ಕಟ್ಟಿ ಫ್ರೀಜರಿಗೆ ಹಾಕಿ. ಅಲ್ಲಿ ಅದು ಎರಡು ತಿಂಗಳು ಚೆನ್ನಾಗಿರುತ್ತದೆ. ಬೇಯಿಸಿದ ಕೋಳಿಮಾಂಸ ಫ್ರಿಜ್ಜಿನಲ್ಲಿ ಮೂರು ದಿನಕ್ಕಿಂತ ಹೆಚ್ಚು ಉಳಿಯಬಾರದು. ಪೊಟ್ಟಣದ ಮೇಲೆ ಮಾಡಿದ ದಿನಾಂಕವನ್ನು ಬರೆದು ಅಂಟಿಸಿ. ತುಂಡುಗಳನ್ನು ಎಣಿಸಿಯೇ ಕಟ್ಟಿದರೆ ಬೆಳಿಗ್ಗೆ ಬಟ್ಟಲಿಗೆ ಸುರಿಯುವ ಕೆಲಸವೂ ಹಗುರವಾಗುತ್ತದೆ.